ಕರೆಂಟು ಹೋದ ಮಾರನೇ ದಿನ ಗುಳಿಗೆ ಆ್ಯಪ್ ಯಾಕೆ ಕೂಗುವುದಿಲ್ಲ?

"ತಮಾ, ಕರೆಂಟು ಹೋದ ಮಾರನೇ ದಿನ ಈ ಫೋನು ಕೂಗ್ತಿಲ್ಲೆ."

ಕಳೆದ ಮಳೆಗಾಲದಲ್ಲಿ ಆಯಿ, ಅಂದರೆ ನನ್ನ ಅಮ್ಮ, ಫೋನಿನಲ್ಲಿ ಹೀಗೆ ಹೇಳಿದಾಗ ನಾನು ಅಷ್ಟಾಗಿ ತಲೆಗೆ ಹಾಕಿಕೊಳ್ಳಲಿಲ್ಲ. ನಾನಿರುವುದು ಕಾರವಾರದಲ್ಲಿ, ಆಯಿ ಇರುವುದು ಶಿರಸಿಯಿಂದ ಒಳಗೆ, ತೋಟದ ಮನೆಯಲ್ಲಿ. ಗುಳಿಗೆ ನೆನಪಿಸುವ ಆ್ಯಪ್ ಅನ್ನು ಅವಳ ಫೋನಿಗೆ ಹಾಕಿಕೊಟ್ಟಿದ್ದೆ. ಬೆಳಗಿನ ಜಾವ ಥೈರಾಯ್ಡ್ ಗುಳಿಗೆ, ಎಂಟೂವರೆಗೆ ಬಿಪಿ ಗುಳಿಗೆ, ರಾತ್ರಿ ಕ್ಯಾಲ್ಸಿಯಂ. "ಚಾರ್ಜ್ ಎಷ್ಟಿದೆ ನೋಡು" ಅಂದೆ. ಅರವತ್ತು ಪರ್ಸೆಂಟ್ ಇದೆ ಅಂದಳು. ಹಾಗಾದರೆ ಕರೆಂಟಿಗೂ ಇದಕ್ಕೂ ಸಂಬಂಧ ಇಲ್ಲ ಅಂತ ನಾನೇ ತೀರ್ಮಾನ ಮಾಡಿಬಿಟ್ಟೆ.

ಮುಂದಿನ ಸಲ ಮನೆಗೆ ಹೋದಾಗ ಗುಳಿಗೆ ಡಬ್ಬಿ ತೆಗೆದು ನೋಡಿದೆ. ಹೊಸ ಸ್ಟ್ರಿಪ್ ಶುರು ಮಾಡಿದ ದಿನ ಅದರ ಬೆನ್ನಿಗೆ ಪೆನ್ನಿನಲ್ಲಿ ತಾರೀಕು ಬರೆಯುವುದು ಆಯಿಯ ಅಭ್ಯಾಸ. ಬಿಪಿ ಗುಳಿಗೆಯದ್ದು 15ರ ಸ್ಟ್ರಿಪ್, ಶುರು ಮಾಡಿ 15 ದಿನ ಆಗಿತ್ತು. ಲೆಕ್ಕಕ್ಕೆ ಖಾಲಿ ಆಗಬೇಕು. ಆರು ಗುಳಿಗೆ ಹಾಗೇ ಇದ್ದವು. ಬೆರಳು ಆಡಿಸಿದರೆ ಆರು ಕಡೆ ಹಾಳೆ ನುಣ್ಣಗೆ ಇತ್ತು. ಬಿಪಿ ಗುಳಿಗೆ ತಪ್ಪಿದರೆ ಸಾಮಾನ್ಯವಾಗಿ ಮೈಗೆ ಏನೂ ಗೊತ್ತಾಗುವುದಿಲ್ಲ. ತಲೆನೋವಿಲ್ಲ, ಸುಸ್ತಿಲ್ಲ. ಒಳಗೆ ಬಿಪಿ ಮಾತ್ರ ಏರುತ್ತಾ ಇರುತ್ತದೆ. ದೊಡ್ಡ ಚಿಕಿತ್ಸೆ ಅಂದರೆ ಹುಬ್ಬಳ್ಳಿಗೋ ಮಣಿಪಾಲಕ್ಕೋ ಮಂಗಳೂರಿಗೋ ಓಡಬೇಕಾದ ಜಿಲ್ಲೆ ನಮ್ಮದು. ಇಲ್ಲಿ ದಿನದ ಗುಳಿಗೆ ತಪ್ಪುವುದು ಸಣ್ಣ ವಿಷಯ ಅಲ್ಲ.

ಆಯಿ ಹೇಳಿದ್ದು ಅಕ್ಷರಶಃ ಸರಿಯಾಗಿತ್ತು. ಅದು ಹೇಗೆ ಅಂತ ಅರ್ಥ ಆದ ಮೇಲೆ ಈ ಆ್ಯಪ್‌ಗಳ ಮುಕ್ಕಾಲು ತೊಂದರೆ ನನಗೆ ಬಿಡಿಸಿದ ಹಾಗಾಯಿತು. ಅದನ್ನೇ ಇಲ್ಲಿ ಹೇಳುತ್ತೇನೆ.

ನಾವು ಅಂದುಕೊಳ್ಳುವುದು ಏನು? ಆ್ಯಪ್ ಒಳಗೆ ಕೂತು ಗಡಿಯಾರ ನೋಡುತ್ತಾ ಇರುತ್ತದೆ, ಎಂಟೂವರೆ ಆದ ಕೂಡಲೇ ಕೂಗುತ್ತದೆ ಅಂತ. ಹಾಗೆ ಇಲ್ಲ. ಆ್ಯಪ್ ಹೆಚ್ಚು ಹೊತ್ತು ಮಲಗಿಯೇ ಇರುತ್ತದೆ. ಮಲಗುವ ಮೊದಲು ಫೋನಿಗೆ "ನನ್ನನ್ನು ಎಂಟೂವರೆಗೆ ಎಬ್ಬಿಸು" ಅಂತ ಹೇಳಿ ಮಲಗುತ್ತದೆ. ಬೆಳಗಿನ ಮೊದಲ ಬಸ್ಸಿಗೆ ಹೋಗುವವರು ಅಜ್ಜಿಗೆ "ನಾಲ್ಕಕ್ಕೆ ಎಬ್ಬಿಸು" ಅಂತ ಹೇಳಿ ಮಲಗುತ್ತಾರಲ್ಲ, ಹಾಗೆ. ಅಜ್ಜಿ ಎಬ್ಬಿಸಿದರೆ ಬಸ್ಸು ಸಿಗುತ್ತದೆ. "ಪಾಪ, ಇನ್ನೊಂದು ಗಳಿಗೆ ಮಲಗಲಿ" ಅಂತ ಅಜ್ಜಿ ಬಿಟ್ಟರೆ ಬಸ್ಸು ಹೋಗುತ್ತದೆ. ತಪ್ಪು ಮಲಗಿದವನದಲ್ಲ, ಎಬ್ಬಿಸಬೇಕಾದವರು ಎಬ್ಬಿಸಲಿಲ್ಲ.

ಆಂಡ್ರಾಯ್ಡ್ ಫೋನು ಹೀಗೆ "ಇನ್ನೊಂದು ಗಳಿಗೆ ಮಲಗಲಿ" ಅನ್ನುವುದಕ್ಕೆ ಡೋಜ್ ಅಂತ ಹೆಸರು. 2015ರಲ್ಲಿ ಬಂದ ಆಂಡ್ರಾಯ್ಡ್ 6ರಿಂದ ಇದು ಇದೆ. ಬ್ಯಾಟರಿ ಉಳಿಸುವುದು ಇದರ ಕೆಲಸ. ಪೂರ್ತಿ ಡೋಜ್‌ಗೆ ಹೋಗಲು ಮೂರು ಸಂಗತಿ ಕೂಡಿ ಬರಬೇಕು. ಸ್ಕ್ರೀನ್ ಆಫ್ ಆಗಿರಬೇಕು, ಫೋನು ಅಲುಗಾಡದೆ ಒಂದೇ ಕಡೆ ಇರಬೇಕು, ಮತ್ತು ಚಾರ್ಜ್ ಆಗುತ್ತಾ ಇರಬಾರದು. ಆಮೇಲೆ ಫೋನು ಆಳವಾದ ನಿದ್ದೆಗೆ ಇಳಿಯುತ್ತದೆ. ಆ್ಯಪ್‌ಗಳು ಕೊಟ್ಟ ಸಾಮಾನ್ಯ ಕೋರಿಕೆಗಳನ್ನೆಲ್ಲ ಒಟ್ಟು ಮಾಡಿ ಇಟ್ಟುಕೊಂಡು, ನಡುನಡುವೆ ಒಂದು ಸಲ ಎದ್ದು ಮುಗಿಸುತ್ತದೆ. ಹೊತ್ತು ಹೋದ ಹಾಗೆ ಆ ಎದ್ದೇಳುವ ಅಂತರ ಜಾಸ್ತಿ ಆಗುತ್ತಾ ಹೋಗುತ್ತದೆ.

ಈಗ ನಮ್ಮ ಮನೆ ಜಗಲಿ ನೋಡಿ. ಆಯಿ ರಾತ್ರಿ ಫೋನನ್ನು ಚಾರ್ಜಿಗೆ ಹಾಕಿ ಮೇಜಿನ ಮೇಲೆ ಇಡುತ್ತಾಳೆ. ಬೆಳಿಗ್ಗೆ ಎದ್ದವಳು ಕೊಟ್ಟಿಗೆ, ಒಲೆ, ತೋಟ ಅಂತ ಓಡಾಡುತ್ತಾಳೆ, ಫೋನು ಮುಟ್ಟುವುದಿಲ್ಲ. ಕರೆಂಟು ಇದ್ದ ದಿನ ಫೋನು ಚಾರ್ಜ್ ಆಗುತ್ತಲೇ ಇರುತ್ತದೆ. ಹಾಗಾಗಿ ಡೋಜ್ ಇಲ್ಲ, ಎಂಟೂವರೆಗೆ ಸರಿಯಾಗಿ ಕೂಗುತ್ತದೆ. ರಾತ್ರಿ ಟೊಂಗೆ ಮುರಿದು ತಂತಿ ಮೇಲೆ ಬಿದ್ದು ಕರೆಂಟು ಹೋಯಿತು ಅನ್ನಿ. ವೈರು ಚುಚ್ಚಿದ ಹಾಗೇ ಇದೆ, ಆದರೆ ಫೋನಿನ ಲೆಕ್ಕಕ್ಕೆ ಚಾರ್ಜರ್ ತೆಗೆದ ಹಾಗೆ. ಸ್ಕ್ರೀನ್ ಆಫ್, ಅಲುಗಾಟ ಇಲ್ಲ, ಚಾರ್ಜ್ ಇಲ್ಲ. ಮೂರೂ ಕೂಡಿ ಬಂತು. ಬ್ಯಾಟರಿ ಅರವತ್ತು ಪರ್ಸೆಂಟ್ ಇದ್ದರೂ ಫೋನು ಮಲಗಿತು.

ಹನ್ನೊಂದು ಗಂಟೆಗೆ ಯಾರದ್ದೋ ಕರೆ ನೋಡಲು ಆಯಿ ಸ್ಕ್ರೀನ್ ಮುಟ್ಟಿದ ಕೂಡಲೇ ಟಿಣ್ ಅಂತ ಸದ್ದು ಬಂದು "ಬಿಪಿ ಗುಳಿಗೆ" ಅಂತ ತೋರಿಸುತ್ತಿತ್ತಂತೆ. ಇದು ಬಹಳ ಒಳ್ಳೆಯ ಸುಳಿವು. ಫೋನು ಕೈಗೆತ್ತಿಕೊಂಡ ಕೂಡಲೇ ಹಳೇ ಸೂಚನೆಗಳು ಸಾಲಾಗಿ ಬಂದರೆ ಆ್ಯಪ್ ಹಾಳಾಗಿಲ್ಲ, ಡೋಜ್ ಅದನ್ನು ತಡೆದಿಟ್ಟಿತ್ತು ಅಂತ ಅರ್ಥ. ನಾವು ಪರೀಕ್ಷೆ ಮಾಡುವಾಗ ಎಲ್ಲ ಸರಿಯಾಗೇ ಇರುವುದೂ ಇದಕ್ಕೇ. ಐದು ನಿಮಿಷ ಮುಂದಕ್ಕೆ ಇಟ್ಟು, ಫೋನು ಕೈಯಲ್ಲಿ ಹಿಡಿದು ಕಾಯುತ್ತೇವೆ. ಕೈಯಲ್ಲಿದ್ದ ಫೋನು ಮಲಗುವುದೇ ಇಲ್ಲವಲ್ಲ. ಸರಿಯಾದ ಪರೀಕ್ಷೆ ಬೇರೆ. ರಾತ್ರಿ ಚಾರ್ಜರ್ ತೆಗೆದು, ಲಾಕ್ ಮಾಡಿ, ಮೇಜಿನ ಮೇಲೆ ಇಟ್ಟು, ಬೆಳಿಗ್ಗೆ ಮುಟ್ಟದೆ ಕಾಯಬೇಕು. ನಿಮ್ಮ ಮನೆಯ ಹಿರಿಯರ ಫೋನಿಗೆ ಈ ಒಂದು ಪರೀಕ್ಷೆಯನ್ನಾದರೂ ಮಾಡಿ.

ಸರಿಪಡಿಸುವುದು ಹೇಗೆ

ಎಬ್ಬಿಸು ಅನ್ನುವ ಕೋರಿಕೆಯಲ್ಲಿ ಎರಡು ಬಗೆ ಇದೆ. ಒಂದು "ಸುಮಾರು ಎಂಟೂವರೆಗೆ ಎಬ್ಬಿಸು", ಇನ್ನೊಂದು "ಏನೇ ಆಗಲಿ, ಎಂಟೂವರೆಗೇ ಎಬ್ಬಿಸು". ಎರಡನೆಯದನ್ನು ಡೋಜ್ ಇದ್ದಾಗಲೂ ನಡೆಸುವ ದಾರಿ ಇದೆ. ಫೋನಿನ ಜೊತೆ ಬರುವ ಗಡಿಯಾರದ ಅಲಾರ್ಮ್ ಕರೆಂಟು ಇರಲಿ ಬಿಡಲಿ ಕೂಗುವುದು ಇದರಿಂದಲೇ. ಆದರೆ 2021ರ ಆಂಡ್ರಾಯ್ಡ್ 12ರಿಂದ ಈ ಗಟ್ಟಿ ಕೋರಿಕೆಗೆ ಬೇರೆ ಅನುಮತಿ ಬೇಕು. ಸೆಟ್ಟಿಂಗ್ಸ್‌ನಲ್ಲಿ ಅದರ ಹೆಸರು "ಅಲಾರ್ಮ್ಸ್ ಆ್ಯಂಡ್ ರಿಮೈಂಡರ್ಸ್". 2023ರ ಆಂಡ್ರಾಯ್ಡ್ 14ರಲ್ಲಿ ಇನ್ನೂ ಬಿಗಿ ಮಾಡಿದರು. ಹೊಸದಾಗಿ ಹಾಕಿದ ಬಹಳಷ್ಟು ಆ್ಯಪ್‌ಗಳಿಗೆ ಈ ಅನುಮತಿ ಮೊದಲಿಗೆ ಆಫ್ ಆಗಿಯೇ ಇರುತ್ತದೆ. ಹೊಸ ಫೋನು ತಂದು ಅದೇ ಆ್ಯಪ್ ಹಾಕಿದ ಮೇಲೆ "ಮೊದಲಿನ ಫೋನಿನಲ್ಲಿ ಸರಿ ಇತ್ತು, ಇದರಲ್ಲಿ ತಡವಾಗಿ ಕೂಗುತ್ತದೆ" ಅನ್ನುವವರು ಮೊದಲು ಇಲ್ಲೇ ನೋಡಬೇಕು.

ಅದು ಆದ ಮೇಲೆ ಬ್ಯಾಟರಿ. ಸೆಟ್ಟಿಂಗ್ಸ್‌ಗೆ ಹೋಗಿ, ಆ್ಯಪ್‌ಗಳ ಪಟ್ಟಿಯಲ್ಲಿ ಗುಳಿಗೆ ಆ್ಯಪ್ ತೆಗೆದು, ಬ್ಯಾಟರಿ ಅನ್ನುವಲ್ಲಿ "ಅನ್‌ರಿಸ್ಟ್ರಿಕ್ಟೆಡ್" ಅಂತ ಆರಿಸಿ. ಕೆಲವು ಫೋನುಗಳಲ್ಲಿ "ಡೋಂಟ್ ಆಪ್ಟಿಮೈಸ್" ಅಥವಾ "ನೋ ರಿಸ್ಟ್ರಿಕ್ಷನ್ಸ್" ಅಂತ ಇರುತ್ತದೆ. ಬ್ಯಾಟರಿ ಬೇಗ ಖಾಲಿ ಆಗುತ್ತದೆ ಅಂತ ಹೆದರಬೇಡಿ. ದಿನಕ್ಕೆ ಮೂರ್ನಾಲ್ಕು ಸಲ ಕೂಗುವ ಆ್ಯಪ್ ತಿನ್ನುವ ಚಾರ್ಜ್ ಲೆಕ್ಕಕ್ಕೇ ಬರುವುದಿಲ್ಲ.

ಇಷ್ಟಕ್ಕೇ ಮುಗಿಯಲಿ ಅಂದರೆ ಮುಗಿಯುವುದಿಲ್ಲ. ಫೋನು ಮಾಡುವ ಕಂಪನಿಗಳು ಆಂಡ್ರಾಯ್ಡ್ ಮೇಲೆ ತಮ್ಮದೇ ಬ್ಯಾಟರಿ ನಿಯಮ ಕೂರಿಸುತ್ತವೆ. ಸ್ಯಾಮ್‌ಸಂಗ್ ಫೋನಿನಲ್ಲಿ "ಸ್ಲೀಪಿಂಗ್", "ಡೀಪ್ ಸ್ಲೀಪಿಂಗ್" ಅಂತ ಪಟ್ಟಿಗಳಿವೆ. ನಮ್ಮ ಆ್ಯಪ್ ಅದರಲ್ಲಿ ಇದ್ದರೆ ತೆಗೆದು, "ನೆವರ್ ಸ್ಲೀಪಿಂಗ್" ಪಟ್ಟಿಗೆ ಸೇರಿಸಬೇಕು. ಶಿಯೋಮಿ ಫೋನುಗಳಲ್ಲಿ "ಆಟೊಸ್ಟಾರ್ಟ್" ಅನ್ನುವುದನ್ನು ಆನ್ ಮಾಡಬೇಕು. ವಿವೋ, ಒಪ್ಪೋ, ರಿಯಲ್‌ಮಿ ಫೋನುಗಳಲ್ಲೂ ಇಂಥದ್ದೇ ಗುಂಡಿ ಇದೆ, ಹೆಸರು ಮಾಡೆಲಿನಿಂದ ಮಾಡೆಲಿಗೆ ಬದಲಾಗುತ್ತದೆ. ಸಿಗದಿದ್ದರೆ ಸೆಟ್ಟಿಂಗ್ಸ್‌ನ ಹುಡುಕುವ ಜಾಗದಲ್ಲಿ "ಆಟೊ" ಅಂತಲೋ "ಬ್ಯಾಟರಿ" ಅಂತಲೋ ಟೈಪ್ ಮಾಡಿ ನೋಡಿ.

ಇನ್ನೊಂದು ಅಭ್ಯಾಸ ನಮ್ಮಲ್ಲಿ ಬಹಳ ಜನರಿಗೆ ಇದೆ. ಫೋನು ನಿಧಾನ ಆಯಿತು ಅಂತ ತೆರೆದ ಆ್ಯಪ್‌ಗಳನ್ನೆಲ್ಲ ಮೇಲಕ್ಕೆ ತಳ್ಳಿ "ಕ್ಲಿಯರ್ ಆಲ್" ಒತ್ತುವುದು. ಕೆಲವು ಕಂಪನಿಗಳ ಫೋನಿನಲ್ಲಿ ಹೀಗೆ ತಳ್ಳಿದರೆ ಆ್ಯಪ್ ಕೊಟ್ಟಿದ್ದ ಕೋರಿಕೆಯೂ ಜೊತೆಗೇ ಹೋಗುತ್ತದೆ. "ಫೋರ್ಸ್ ಸ್ಟಾಪ್" ಒತ್ತಿದರಂತೂ ಎಲ್ಲ ಫೋನಿನಲ್ಲೂ ಹೋಗುತ್ತದೆ. ಮತ್ತೆ ಆ ಆ್ಯಪ್ ತೆರೆಯುವವರೆಗೆ ಒಂದೂ ಸೂಚನೆ ಬರುವುದಿಲ್ಲ. ಫೋನು ಕ್ಲೀನ್ ಮಾಡುತ್ತೇನೆ ಅನ್ನುವ ಆ್ಯಪ್‌ಗಳನ್ನು ಹಿರಿಯರ ಫೋನಿನಿಂದ ತೆಗೆದುಬಿಡಿ. ಅವುಗಳಿಂದ ಉಪಕಾರಕ್ಕಿಂತ ತೊಂದರೆಯೇ ಜಾಸ್ತಿ ಅನ್ನುವುದು ನನ್ನ ಅಭಿಪ್ರಾಯ.

ಎದ್ದಿದೆ, ಆದರೆ ಸದ್ದಿಲ್ಲ

ಆ್ಯಪ್ ಸರಿಯಾದ ಹೊತ್ತಿಗೆ ಎದ್ದರೂ ನಮ್ಮ ಕಿವಿಗೆ ಮುಟ್ಟದೆ ಇರಬಹುದು. 2022ರ ಆಂಡ್ರಾಯ್ಡ್ 13ರಿಂದ ನೋಟಿಫಿಕೇಶನ್ ತೋರಿಸಲೂ ಅನುಮತಿ ಕೇಳಬೇಕು. ಮೊದಲ ಸಲ ಕೇಳಿದಾಗ ಹೆದರಿಕೆಗೆ "ಡೋಂಟ್ ಅಲೋ" ಒತ್ತಿದವರು ಬಹಳ ಜನ. ಸೆಟ್ಟಿಂಗ್ಸ್‌ಗೆ ಹೋಗಿ ಅದನ್ನು ಮತ್ತೆ ಕೊಡಬಹುದು. ಅಲ್ಲೇ ಇನ್ನೂ ಸ್ವಲ್ಪ ಒಳಗೆ ನೋಡಿ. ಒಂದೇ ಆ್ಯಪ್‌ನಲ್ಲಿ ಹಲವು ಬಗೆಯ ನೋಟಿಫಿಕೇಶನ್ ಇರುತ್ತವೆ. ಗುಳಿಗೆಯದ್ದು ಒಂದು, ಸ್ಟಾಕ್ ಮುಗಿಯುತ್ತಿದೆ ಅನ್ನುವುದು ಇನ್ನೊಂದು. ಕಿರಿಕಿರಿ ಆಯಿತು ಅಂತ ಎಂದೋ ಒಂದನ್ನು "ಸೈಲೆಂಟ್" ಮಾಡಿದ್ದರೆ, ಅದು ಗುಳಿಗೆಯದ್ದೇ ಆಗಿದ್ದರೆ, ಪರದೆ ಮೇಲೆ ಬರುತ್ತದೆ, ಸದ್ದು ಮಾತ್ರ ಬರುವುದಿಲ್ಲ.

ವಾಲ್ಯೂಮ್ ಕೂಡ ಒಂದೇ ಅಲ್ಲ. ಹಾಡಿನದು ಬೇರೆ, ರಿಂಗಿನದು ಬೇರೆ, ಅಲಾರ್ಮಿನದು ಬೇರೆ. ಪಕ್ಕದ ಗುಂಡಿ ಒತ್ತಿ ಜಾಸ್ತಿ ಮಾಡಿದ್ದು ಹಾಡಿನ ವಾಲ್ಯೂಮ್ ಆಗಿರಬಹುದು, ಅಲಾರ್ಮ್ ತಳದಲ್ಲೇ ಇರಬಹುದು. "ಡು ನಾಟ್ ಡಿಸ್ಟರ್ಬ್" ಆನ್ ಇದ್ದರೆ ಗಡಿಯಾರದ ಅಲಾರ್ಮ್ ಸಾಮಾನ್ಯವಾಗಿ ಕೂಗುತ್ತದೆ, ಆದರೆ ನೋಟಿಫಿಕೇಶನ್ ಆಗಿ ಬರುವ ಗುಳಿಗೆ ಸೂಚನೆ ಸುಮ್ಮನಾಗುತ್ತದೆ. ಅಲ್ಲಿ ನಮ್ಮ ಆ್ಯಪ್‌ಗೆ ವಿನಾಯಿತಿ ಕೊಡಬಹುದು.

ಸದ್ದಿನ ಬಗೆ ಬಗ್ಗೆ ಒಂದು ಮಾತು ಹೇಳಲೇಬೇಕು. ವಯಸ್ಸಾದ ಹಾಗೆ ಕಿವಿ ಮೊದಲು ಕಳೆದುಕೊಳ್ಳುವುದು ಕೀಚು ಸದ್ದನ್ನು. ಆ್ಯಪ್‌ಗಳ "ಟಿಣ್", "ಪೀಂ" ಎಲ್ಲ ಅದೇ ಜಾತಿ. ನಮಗೆ ಪಕ್ಕದ ಕೋಣೆಗೂ ಕೇಳುತ್ತದೆ, ಅವರಿಗೆ ಪಕ್ಕದಲ್ಲಿದ್ದರೂ ಕೇಳದೆ ಇರಬಹುದು. ಹೆಂಚಿನ ಮಾಡಿನ ಮೇಲೆ ಮಳೆ ಹೊಡೆಯುವಾಗಂತೂ ಕೇಳುವುದೇ ಇಲ್ಲ. ದಪ್ಪ ಸ್ವರದ, ಕನಿಷ್ಠ ಅರ್ಧ ನಿಮಿಷ ಬಾರಿಸುವ ರಿಂಗ್‌ಟೋನ್ ಹಾಕಿ. ಆಯಿಯನ್ನು ಅಡುಗೆಮನೆಯಲ್ಲಿ ನಿಲ್ಲಿಸಿ, ಜಗಲಿಯಿಂದ ಒಂದೊಂದೇ ಸದ್ದು ಬಾರಿಸಿ, "ಇದು ಕೇಳ್ತಾ?" ಅಂತ ಕೇಳಿ ಆರಿಸಿದೆವು. ಹತ್ತು ನಿಮಿಷದ ಕೆಲಸ.

ರಾತ್ರಿ ತಾನಾಗೇ ಅಪ್‌ಡೇಟ್ ಆಗಿ ಫೋನು ಆಫ್ ಆಗಿ ಆನ್ ಆದರೆ ಮತ್ತೊಂದು ತೊಡಕು. ಫೋನು ಆಫ್ ಆದಾಗ ಎಬ್ಬಿಸುವ ಕೋರಿಕೆಗಳೆಲ್ಲ ಅಳಿಸಿ ಹೋಗುತ್ತವೆ. ಆನ್ ಆದ ಮೇಲೆ ಆ್ಯಪ್ ಮತ್ತೆ ಹೇಳಬೇಕು. ಆದರೆ ಪಿನ್ ಹಾಕಿ ಒಂದು ಸಲ ಲಾಕ್ ತೆಗೆಯುವವರೆಗೆ ಬಹಳಷ್ಟು ಆ್ಯಪ್‌ಗಳು ಶುರುವೇ ಆಗುವುದಿಲ್ಲ. ಹಾಗಾಗಿ ಬೆಳಿಗ್ಗೆ ಎದ್ದ ಕೂಡಲೇ ಫೋನಿನ ಲಾಕ್ ಒಂದು ಸಲ ತೆಗೆಯುವ ರೂಢಿ ಒಳ್ಳೆಯದು. ಅದರಿಂದ ಡೋಜ್ ಕೂಡ ಆ ಹೊತ್ತಿಗೆ ಬಿಡುತ್ತದೆ.

ತಿಂಗಳುಗಟ್ಟಲೆ ತೆರೆಯದ ಆ್ಯಪ್‌ನ ಅನುಮತಿಗಳನ್ನು ಫೋನೇ ಕಿತ್ತುಕೊಳ್ಳುವ ವ್ಯವಸ್ಥೆಯೂ ಇದೆ. 2020ರ ಆಂಡ್ರಾಯ್ಡ್ 11ರಿಂದ ಬಂದದ್ದು. ಬಂದ ಸೂಚನೆಯನ್ನು ಸುಮ್ನೆ ಪಕ್ಕಕ್ಕೆ ಸರಿಸಿದರೆ ಫೋನು ಅದನ್ನು ಬಳಕೆ ಅಂತ ಲೆಕ್ಕ ಹಿಡಿಯುವುದಿಲ್ಲ. ಆ್ಯಪ್‌ನ ಮಾಹಿತಿ ಪುಟದಲ್ಲಿ, ಬಳಸದಿದ್ದರೆ ನಿಲ್ಲಿಸು ಅನ್ನುವ ಅರ್ಥದ ಸಾಲು ಇರುತ್ತದೆ. ಅದನ್ನು ಆಫ್ ಮಾಡಿ.

ಐಫೋನ್ ಇದ್ದವರಿಗೆ ಕಥೆ ಸ್ವಲ್ಪ ಬೇರೆ. ಅಲ್ಲಿ ಒಂದು ಆ್ಯಪ್ ಮುಂಗಡವಾಗಿ ಬರೆದಿಡಬಹುದಾದ ಸೂಚನೆಗಳು 64 ಮಾತ್ರ. ಒಂದೊಂದು ಗುಳಿಗೆಯ ಒಂದೊಂದು ಹೊತ್ತನ್ನೂ ಬೇರೆಬೇರೆಯಾಗಿ ಬರೆದಿಡುವ ಆ್ಯಪ್ ಆಗಿದ್ದು, ದಿನಕ್ಕೆ ಎಂಟು ಸೂಚನೆ ಇದ್ದರೆ ಎಂಟು ದಿನಕ್ಕೆ ಲೆಕ್ಕ ಮುಗಿಯಿತು. ಒಂಬತ್ತನೇ ದಿನ ಫೋನು ತಣ್ಣಗೆ ಇರುತ್ತದೆ. ಆ್ಯಪ್ ತೆರೆದರೆ ಮತ್ತೆ ತುಂಬಿಕೊಳ್ಳುತ್ತದೆ. ವಾರಕ್ಕೊಂದು ಸಲ ತೆರೆಯುವುದೇ ಮದ್ದು. 2022ರ ಐಓಎಸ್ 16ರಿಂದ ಐಫೋನಿನ ಹೆಲ್ತ್ ಆ್ಯಪ್‌ನಲ್ಲೇ ಔಷಧಿ ನೆನಪಿಸುವ ವ್ಯವಸ್ಥೆ ಇದೆ. ಬೇರೆ ಆ್ಯಪ್ ಕಾಟ ಕೊಟ್ಟರೆ ಅದನ್ನು ಬಳಸಿ ನೋಡಬಹುದು.

ನೆಟ್‌ವರ್ಕ್ ಮತ್ತು ದುಬೈ ಸಮಯ

"ನೆಟ್‌ವರ್ಕ್ ಇಲ್ಲ, ಅದಕ್ಕೇ ಕೂಗಲಿಲ್ಲ" ಅನ್ನುವ ಮಾತು ನಮ್ಮ ಕಡೆ ಬಹಳ ಕೇಳುತ್ತದೆ. ಸಾಮಾನ್ಯವಾಗಿ ಗುಳಿಗೆ ಸೂಚನೆಗೆ ನೆಟ್ ಬೇಡವೇ ಬೇಡ. ದೇವಿಮನೆ ಘಟ್ಟದ ನಡುವೆ ಒಂದು ಕಡ್ಡಿ ಸಿಗ್ನಲ್ ಇಲ್ಲದಿದ್ದರೂ ಅದು ಕೂಗಬೇಕು. ನೆಟ್ ಬೇಕಾಗುವುದು ಎಲ್ಲಿ ಅಂದರೆ, "ಅಮ್ಮ ಗುಳಿಗೆ ತಗೊಂಡಿಲ್ಲ" ಅಂತ ಮಗನ ಫೋನಿಗೆ ಸುದ್ದಿ ಕಳಿಸುವ ವ್ಯವಸ್ಥೆಗೆ. ಟವರ್‌ಗೆ ಕರೆಂಟು ಇಲ್ಲದ ದಿನ ಆ ಸುದ್ದಿ ಬರುವುದಿಲ್ಲ. ಸುದ್ದಿ ಬರಲಿಲ್ಲ ಅಂದರೆ ಗುಳಿಗೆ ತಗೊಂಡಳು ಅಂತ ಅರ್ಥ ಮಾಡಿಕೊಳ್ಳಬೇಡಿ.

ಭಟ್ಕಳ, ಹೊನ್ನಾವರದ ಕಡೆ ಕೊಲ್ಲಿ ದೇಶದಲ್ಲಿ ದುಡಿಯುವ ಮಕ್ಕಳು ಇರುವ ಮನೆಗಳು ಎಷ್ಟೋ. ದುಬೈ ಗಡಿಯಾರ ನಮ್ಮದಕ್ಕಿಂತ ಒಂದೂವರೆ ಗಂಟೆ ಹಿಂದೆ, ಸೌದಿಯದು ಎರಡೂವರೆ ಗಂಟೆ ಹಿಂದೆ. ಮಗ ಅಲ್ಲಿಂದಲೇ ತನ್ನ ಫೋನಿನಲ್ಲಿ ಎಂಟು ಗಂಟೆ ಅಂತ ಇಟ್ಟರೆ, ಕೆಲವು ಆ್ಯಪ್‌ಗಳು ಇಲ್ಲಿ ಅಮ್ಮನಿಗೆ ಒಂಬತ್ತೂವರೆಗೆ ಕೂಗುತ್ತವೆ. ಅಮ್ಮ ಮಗನ ಮನೆಗೆ ಹೋದಾಗಲೂ ಹೀಗೆ ಏರುಪೇರು ಆಗುತ್ತದೆ. ಊರು ಬದಲಾದ ದಿನ ಪಟ್ಟಿ ತೆರೆದು ಹೊತ್ತು ಸರಿ ಇದೆಯಾ ಅಂತ ನೋಡಬೇಕು.

ತಪ್ಪಾಗಿ ಕೂಗುವುದು ಇನ್ನೂ ಕೆಟ್ಟದ್ದು

ಕೂಗದ ಆ್ಯಪ್‌ಗಿಂತ ನನಗೆ ಹೆದರಿಕೆ ತಪ್ಪಾಗಿ ಕೂಗುವ ಆ್ಯಪ್‌ನದ್ದು. ಅದು ನಾವೇ ತುಂಬಿದ ತಪ್ಪು. ಡಾಕ್ಟರ ಚೀಟಿಯಲ್ಲಿ 1-0-1 ಅಂತ ಇದ್ದರೆ ಬೆಳಿಗ್ಗೆ ಒಂದು, ರಾತ್ರಿ ಒಂದು, ಮಧ್ಯಾಹ್ನ ಇಲ್ಲ. ಬಿಡಿ (BD) ಅಂದರೆ ದಿನಕ್ಕೆ ಎರಡು ಸಲ, ಟಿಡಿಎಸ್ (TDS) ಅಂದರೆ ಮೂರು ಸಲ, ಎಚ್‌ಎಸ್ (HS) ಅಂದರೆ ಮಲಗುವಾಗ. ಮಧ್ಯಾಹ್ನ ಹನ್ನೆರಡು ಪಿಎಂ, ನಡುರಾತ್ರಿ ಹನ್ನೆರಡು ಎಎಂ. ಇದರಲ್ಲಿ ಎಡವುವವರು ಜಾಸ್ತಿ. ಫೋನನ್ನು 24 ಗಂಟೆಯ ಗಡಿಯಾರಕ್ಕೆ ಬದಲಿಸಿದರೆ ಗೊಂದಲವೇ ಇಲ್ಲ.

ವಾರಕ್ಕೊಂದೇ ಸಲ ತಗೊಳ್ಳುವ ಗುಳಿಗೆಗಳಿವೆ. ಸಂಧಿವಾತಕ್ಕೆ ಕೊಡುವ ಮೆಥೊಟ್ರೆಕ್ಸೇಟ್ ಅಂಥದ್ದು. ಆ್ಯಪ್‌ಗಳು ಸಾಮಾನ್ಯವಾಗಿ ಮೊದಲಿಗೆ "ಪ್ರತಿದಿನ" ಅಂತಲೇ ತೋರಿಸುತ್ತವೆ. ಅದನ್ನು ಬದಲಿಸಲು ಮರೆತು ದಿನಾ ನುಂಗಿದರೆ ಜೀವಕ್ಕೇ ಅಪಾಯ. ಇಂಥ ಗುಳಿಗೆಗೆ ವಾರದ ಹೆಸರನ್ನೂ ಸೇರಿಸಿ ಬರೆಯಿರಿ, ಆಮೇಲೆ ಇನ್ನೊಬ್ಬರ ಕೈಲಿ ಪಟ್ಟಿ ಓದಿಸಿ.

ಒಂದೇ ಔಷಧಿಗೆ ಎರಡು ಹೆಸರು ಇರುವುದು ಇನ್ನೊಂದು ಬಲೆ. ಡಾಕ್ಟರು ಬರೆದದ್ದು ಕಂಪನಿ ಹೆಸರು, ಜನೌಷಧಿ ಅಂಗಡಿಯಲ್ಲಿ ಕೊಟ್ಟದ್ದು ಅಮ್ಲೋಡಿಪಿನ್ ಅಂತ ಮೂಲ ಹೆಸರಿನದ್ದು. ಹೊಸ ಸ್ಟ್ರಿಪ್ ನೋಡಿ ಹೊಸ ಗುಳಿಗೆ ಅಂದುಕೊಂಡು ಆ್ಯಪ್‌ಗೆ ಸೇರಿಸಿದರೆ, ಹಳೆಯದೂ ಕೂಗುತ್ತದೆ, ಹೊಸದೂ ಕೂಗುತ್ತದೆ. ಒಂದೇ ಔಷಧಿ ಎರಡು ಸಲ ಹೊಟ್ಟೆಗೆ ಹೋಗುತ್ತದೆ. ಡಾಕ್ಟರು ಡೋಸ್ ಬದಲಿಸಿದಾಗಲೂ ಹಳೆಯದನ್ನು ಮೊದಲು ಅಳಿಸಿ, ಆಮೇಲೆ ಹೊಸದು ಹಾಕಿ.

ಹೊತ್ತಿನ ವಿಷಯದಲ್ಲಿ ನಮ್ಮ ಮನೆಯದ್ದೇ ಉದಾಹರಣೆ. ಥೈರಾಯ್ಡ್ ಗುಳಿಗೆ ಖಾಲಿ ಹೊಟ್ಟೆಗೆ, ತಿಂಡಿಗೆ ಅರ್ಧ ಗಂಟೆಯಿಂದ ಒಂದು ಗಂಟೆ ಮೊದಲು. ಕಾಫಿ ಕುಡಿದರೆ ಅದು ಮೈಗೆ ಸರಿಯಾಗಿ ಹಿಡಿಯುವುದಿಲ್ಲ. ನಮ್ಮಲ್ಲಿ ಎದ್ದ ಕೂಡಲೇ ಆಸರಿ, ಅಂದರೆ ಕಾಫಿಯೋ ಚಹಾವೋ, ಆಗಬೇಕು. ಅಲಾರ್ಮ್ ಆರಕ್ಕೆ ಇಟ್ಟಿದ್ದೆ, ಆಯಿಯ ಆಸರಿ ಐದೂಮುಕ್ಕಾಲಿಗೇ ಆಗಿರುತ್ತಿತ್ತು. ಈಗ ಐದಕ್ಕೆ ಇಟ್ಟಿದ್ದೇವೆ. ಕ್ಯಾಲ್ಸಿಯಂ ಇದರಿಂದ ನಾಲ್ಕು ಗಂಟೆಯಾದರೂ ದೂರ ಇರಬೇಕು, ಅದು ರಾತ್ರಿಗೆ ಇರುವುದರಿಂದ ಚಿಂತೆ ಇಲ್ಲ.

"ಟೇಕನ್" ಗುಂಡಿಯನ್ನು ನಂಬಬೇಡಿ. ಕೂಗು ನಿಲ್ಲಿಸಲು ಒತ್ತಿಬಿಡುತ್ತಾರೆ, ಗುಳಿಗೆ ಆಮೇಲೆ ಅಂತ ಹೋಗುತ್ತಾರೆ, ಹಾಲು ಕರೆದು ಬರುವಷ್ಟರಲ್ಲಿ ಮರೆತಿರುತ್ತಾರೆ. ಆಯಿಯ ಆ್ಯಪ್‌ನಲ್ಲಿ ಆ ಆರು ದಿನಗಳಲ್ಲೂ, ತಡವಾಗಿ ಬಂದ ಸೂಚನೆಗೆ ಒತ್ತಿದ ಹಸಿರು ಗುರುತು ಇತ್ತು. ಸ್ಟ್ರಿಪ್ಪಿನಲ್ಲಿ ಗುಳಿಗೆಯೂ ಇತ್ತು. ಮೊದಲು ನುಂಗು, ಆಮೇಲೆ ಒತ್ತು. ಈ ಕ್ರಮ ಕಲಿಸಲು ಒಂದು ವಾರ ದಿನಾ ಫೋನು ಮಾಡಿದೆ.

ತಪ್ಪಿಹೋದ ಗುಳಿಗೆಗೆ ಬದಲಾಗಿ ಮಾರನೇ ದಿನ ಎರಡು ನುಂಗಬಾರದು. ನೆನಪಾದ ಕೂಡಲೇ ತಗೊಳ್ಳಬಹುದಾ, ಆ ಹೊತ್ತನ್ನು ಬಿಟ್ಟುಬಿಡಬೇಕಾ ಅನ್ನುವುದು ಒಂದೊಂದು ಔಷಧಿಗೆ ಒಂದೊಂದು ಥರ. ರಕ್ತ ತೆಳು ಮಾಡುವ ಗುಳಿಗೆ, ಸಕ್ಕರೆ ಕಾಯಿಲೆಯ ಗುಳಿಗೆ, ಫಿಟ್ಸ್ ಗುಳಿಗೆ ಇರುವವರು ಇದನ್ನು ಮೊದಲೇ ಡಾಕ್ಟರ ಹತ್ತಿರ ಕೇಳಿ, ಚೀಟಿಯ ಮೇಲೆ ಬರೆಸಿಕೊಂಡಿರಿ.

ನಮ್ಮ ಮನೆಯಲ್ಲಿ ಈಗ ಆ್ಯಪ್ ಜೊತೆಗೆ ಫೋನಿನ ಗಡಿಯಾರದಲ್ಲೂ ಅದೇ ಹೊತ್ತಿಗೆ ಮೂರು ಅಲಾರ್ಮ್ ಇದೆ, ಹೆಸರು ಸಮೇತ. ಒಂದು ಕೈಕೊಟ್ಟರೆ ಇನ್ನೊಂದು. ಎರಡು ದಿನ ಕರೆಂಟು ಹೋಗಿ ಫೋನು ಪೂರ್ತಿ ಸತ್ತರೆ ಎರಡೂ ಇಲ್ಲ, ಅದಕ್ಕೆ ಗೋಡೆಯ ಕ್ಯಾಲೆಂಡರ್ ಇದೆ. ಆಯಿ ಅದರಲ್ಲಿ ಹಾಲಿನ ಲೆಕ್ಕ ಬರೆಯುತ್ತಾಳೆ. ಈಗ ಆ ಅಂಕೆಯ ಪಕ್ಕದಲ್ಲೇ, ಗುಳಿಗೆ ನುಂಗಿದ ಮೇಲೆ, ಮೂರು ಸಣ್ಣ ಗೀಟು ಹಾಕುತ್ತಾಳೆ. ಮನೆಗೆ ಹೋದಾಗ ನಾನು ಮೊದಲು ನೋಡುವುದು ಆ ಗೀಟುಗಳನ್ನು, ಆಮೇಲೆ ಸ್ಟ್ರಿಪ್ಪಿನ ಬೆನ್ನಿನ ತಾರೀಕು.